ಸಂಪಿಗೆ ನಕ್ಷತ್ರವನ್ನು ಎಲ್ಲಿ ಇಡೋಣ?

ಪ್ರಶ್ನೆ: ನಾನು ಡೊಂಬಿವಲಿಯಲ್ಲಿರುವ ಕನ್ನಡತಿ. ಒಂದು ವಿಜ್ಞಾನ ಕಾದಂಬರಿ ಬರೆಯುತ್ತಿದ್ದೇನೆ. ಅದರಲ್ಲಿ ‘ಸಂಪಿಗೆ’ ಅಂತ ಒಂದು ನಕ್ಷತ್ರ ಇದೆ, ನನ್ನದೇ ಕಲ್ಪನೆ. ದೊಡ್ಡದು, ನೀಲಿ ಬಣ್ಣದ್ದು, ಭೂಮಿಯಿಂದ 400 ಜ್ಯೋತಿರ್ವರ್ಷ ದೂರ, ಬ್ರಹ್ಮಾಂಡದ ನಟ್ಟನಡುವಿನ ಹತ್ತಿರ. ಅದರ ಗ್ರಹದಲ್ಲಿ ಹತ್ತು ಸಾವಿರ ವರ್ಷ ಹಳೆಯ ನಾಗರಿಕತೆ ಇದೆ. ನಾಯಕಿಯ ಅಜ್ಜ 1976ರಲ್ಲಿ ಮನೆಯ ರೇಡಿಯೊ ಸೆಟ್‌ನಿಂದ ಅಲ್ಲಿಗೆ ಒಂದು ಸಂದೇಶ ಕಳಿಸಿರುತ್ತಾರೆ. ಮೊಮ್ಮಗಳಿಗೆ ಈಗ ಉತ್ತರ ಬರುತ್ತದೆ. ಸಂಪಿಗೆಯನ್ನು ಆಕಾಶದಲ್ಲಿ ಎಲ್ಲಿ ಇಟ್ಟರೆ ಓದುಗರು ನಂಬುತ್ತಾರೆ? ಕಥೆಯಲ್ಲಿ ಇದೆಲ್ಲ ಇಷ್ಟು ಸರಿಯಾಗಿ ಇರಲೇಬೇಕಾ?

ಉತ್ತರ: ಕೊನೆಯ ಪ್ರಶ್ನೆಗೆ ಮೊದಲು ಉತ್ತರ ಹೇಳುತ್ತೇನೆ. ಇರಬೇಕು. ಓದುಗ ತಪ್ಪು ಹಿಡಿಯುತ್ತಾನೆ ಅನ್ನುವ ಹೆದರಿಕೆಗಾಗಿ ಈ ಮಾತು ಹೇಳುತ್ತಿಲ್ಲ. ನಕ್ಷತ್ರದ ತೂಕ ಮತ್ತು ವಿಳಾಸ, ಇವೆರಡನ್ನು ನೀವು ಗಟ್ಟಿ ಮಾಡಿಕೊಂಡರೆ ಕಥೆಗೆ ಬೇಕಾದ ಅರ್ಧ ಸಾಮಗ್ರಿ ತಾನಾಗಿಯೇ ಬರುತ್ತದೆ. ಅಲ್ಲಿನ ವರ್ಷ ಎಷ್ಟು ದಿನ, ಬಿಸಿಲು ಯಾವ ಬಣ್ಣ, ರಾತ್ರಿ ಏನು ಕಾಣುತ್ತದೆ, ಪತ್ರಕ್ಕೆ ಉತ್ತರ ಬರಲು ಎಷ್ಟು ಕಾಲ ಬೇಕು, ಎಲ್ಲ ಈ ಎರಡರಿಂದಲೇ ಹುಟ್ಟುತ್ತವೆ. ನಾನಿರುವ ಪುಣೆಯಲ್ಲಿ ಇದಕ್ಕೆ ದೊಡ್ಡ ಉದಾಹರಣೆಯೇ ಇದೆ. ಇಲ್ಲಿನ ಖಗೋಳ ವಿಜ್ಞಾನ ಸಂಸ್ಥೆ ಆಯುಕಾದ ಸ್ಥಾಪಕ ನಿರ್ದೇಶಕ ಜಯಂತ ನಾರಳೀಕರ್ ಹಗಲೆಲ್ಲ ವಿಶ್ವದ ಹುಟ್ಟಿನ ಲೆಕ್ಕ ಮಾಡುತ್ತಿದ್ದವರು, ಮರಾಠಿಯಲ್ಲಿ ವಿಜ್ಞಾನ ಕಥೆಗಳನ್ನೂ ಬರೆದರು. ಲೆಕ್ಕ ಬಲ್ಲವರ ಕೈಯಲ್ಲಿ ಕಲ್ಪನೆ ಬಡವಾಗಲಿಲ್ಲ.

ಈಗ ನಿಮ್ಮ ಸಂಪಿಗೆ. ಅದರಲ್ಲಿ ಮೂರು ಕಡೆ ತೊಡಕಿದೆ. ಬಣ್ಣ, ದೂರ, ಮತ್ತೆ ಆ ‘ನಟ್ಟನಡು’.

ನಟ್ಟನಡುವಿನದನ್ನು ಬೇಗ ಮುಗಿಸಿಬಿಡೋಣ. ಬ್ರಹ್ಮಾಂಡಕ್ಕೆ ನಡು ಅಂತ ಒಂದು ಜಾಗ ಇಲ್ಲ. ಎಲ್ಲಿ ನಿಂತು ನೋಡಿದರೂ ದೂರದ ಗ್ಯಾಲಕ್ಸಿಗಳು ನಮ್ಮಿಂದ ದೂರ ಸರಿಯುತ್ತಿರುವಂತೆಯೇ ಕಾಣುತ್ತವೆ. ನಮ್ಮ ಗ್ಯಾಲಕ್ಸಿಗೆ, ಅಂದರೆ ಆಕಾಶಗಂಗೆಗೆ, ನಡು ಇದೆ. ಅದು ನಮ್ಮಿಂದ ಸುಮಾರು 26,000 ಜ್ಯೋತಿರ್ವರ್ಷ ದೂರ, ವೃಶ್ಚಿಕದ ಬಾಲ ಮತ್ತು ಧನು ರಾಶಿಯ ನಡುವಿನ ದಿಕ್ಕಿನಲ್ಲಿ. ನಮ್ಮ ಹಿರಿಯರು ಮೂಲಾ ನಕ್ಷತ್ರ ಅನ್ನುವುದು ಅದರ ಹತ್ತಿರದಲ್ಲೇ. ಅಲ್ಲಿ ಸೂರ್ಯನ 40 ಲಕ್ಷ ಪಟ್ಟಿಗಿಂತ ಜಾಸ್ತಿ ತೂಕದ ಕಪ್ಪುಕುಳಿ ಕೂತಿದೆ. ಮಧ್ಯದ ದಾರಿಯಲ್ಲಿ ದಟ್ಟವಾದ ಧೂಳು ಇರುವುದರಿಂದ ಅಲ್ಲಿನ ನಕ್ಷತ್ರಗಳ ಬೆಳಕು ನಮ್ಮ ಕಣ್ಣಿಗೆ ತಲುಪುವುದೇ ಇಲ್ಲ. 400 ಜ್ಯೋತಿರ್ವರ್ಷ ಅಂದರೆ ನಮ್ಮ ಓಣಿಯೊಳಗೇ ಇದ್ದ ಹಾಗೆ ಆಯಿತು. ಆದ್ದರಿಂದ ‘ನಡುವಿನ ಹತ್ತಿರ’ ಅನ್ನುವುದನ್ನು ಬಿಟ್ಟುಬಿಡಿ. ನಿಮ್ಮ ಕಥೆಗೆ ಅದರಿಂದ ಏನೂ ಲಾಭ ಇಲ್ಲ.

ಬಣ್ಣದ ವಿಷಯ ಇಷ್ಟು ಸಲೀಸಲ್ಲ. ದೊಡ್ಡ ನೀಲಿ ನಕ್ಷತ್ರ ಕಣ್ಣಿಗೆ ಚೆಂದ, ಬರವಣಿಗೆಗೂ ಚೆಂದ. ಆದರೆ ಅದಕ್ಕೆ ಆಯಸ್ಸು ಇಲ್ಲ. ರಾಶಿ ಸೌದೆಯನ್ನು ಒಂದೇ ಸಲ ಒಲೆಗೆ ತುರುಕಿದರೆ ಹೇಗೆ ಧಗಧಗ ಉರಿದು ಬೇಗ ಬೂದಿಯಾಗುತ್ತದೋ ಹಾಗೆ. ಸೂರ್ಯನ ಹತ್ತು ಪಟ್ಟು ತೂಕದ ನೀಲಿ ನಕ್ಷತ್ರ ಸೂರ್ಯನ ಸಾವಿರಾರು ಪಟ್ಟು ಬೆಳಕು ಚೆಲ್ಲುತ್ತದೆ, ಎರಡು ಮೂರು ಕೋಟಿ ವರ್ಷದಲ್ಲಿ ಸಿಡಿದು ಮುಗಿಯುತ್ತದೆ. ನಮ್ಮ ಸೂರ್ಯನ ಆಯಸ್ಸು ಸುಮಾರು 1,000 ಕೋಟಿ ವರ್ಷ, ಅದರಲ್ಲಿ 450 ಕೋಟಿಗೂ ಜಾಸ್ತಿ ಈಗಾಗಲೇ ಕಳೆದಿದೆ. ಭೂಮಿಯಲ್ಲಿ ಡೈನೊಸಾರ್‌ಗಳು ಅಳಿದೇ 6.6 ಕೋಟಿ ವರ್ಷ ಆಯಿತು. ಅಂದರೆ ಡೈನೊಸಾರ್‌ಗಳು ಹೋದ ಮೇಲೆ ಹುಟ್ಟಿದ ಒಂದು ನೀಲಿ ನಕ್ಷತ್ರ, ಮನುಷ್ಯ ಬರುವ ಎಷ್ಟೋ ಮೊದಲೇ ಸತ್ತುಹೋಗಿರುತ್ತದೆ. ಅಷ್ಟರಲ್ಲಿ ಗ್ರಹ ತಣ್ಣಗಾಗಿ, ಸಮುದ್ರ ನಿಂತು, ಜೀವ ಹುಟ್ಟಿ, ಬುದ್ಧಿ ಬಂದು, ಹತ್ತು ಸಾವಿರ ವರ್ಷದ ನಾಗರಿಕತೆ ಬೆಳೆಯಬೇಕು ಅಂದರೆ ಆಗದ ಮಾತು.

ಹಾಗಾದರೆ ತೀರಾ ಚಿಕ್ಕ ಕೆಂಪು ನಕ್ಷತ್ರ ಇಟ್ಟರೆ? ಆಕಾಶಗಂಗೆಯಲ್ಲಿ ನಾಲ್ಕರಲ್ಲಿ ಮೂರು ಪಾಲು ಅವೇ. ಆಯಸ್ಸಿಗೆ ಕೊರತೆ ಇಲ್ಲ. ಆದರೆ ಅವು ತುಂಬಾ ಮಂಕು. ನೀರು ಹೆಪ್ಪುಗಟ್ಟದೆ ಇರಬೇಕಾದರೆ ಗ್ರಹ ತೀರಾ ಹತ್ತಿರ ಸುತ್ತಬೇಕು. ನಮಗೆ ಅತಿ ಹತ್ತಿರದ ಪ್ರಾಕ್ಸಿಮಾ ನಕ್ಷತ್ರಕ್ಕೆ 2016ರಲ್ಲಿ ಸಿಕ್ಕ ಗ್ರಹದ ವರ್ಷ 11 ದಿನ ಚಿಲ್ಲರೆ ಅಷ್ಟೇ. ಅಷ್ಟು ಹತ್ತಿರ ಹೋದರೆ ಗ್ರಹದ ಒಂದೇ ಮುಖ ಯಾವಾಗಲೂ ನಕ್ಷತ್ರದ ಕಡೆ ಇರುವ ಸಾಧ್ಯತೆ ಜಾಸ್ತಿ. ಒಂದು ಕಡೆ ಎಂದೆಂದಿಗೂ ಹಗಲು, ಇನ್ನೊಂದು ಕಡೆ ಎಂದೆಂದಿಗೂ ರಾತ್ರಿ. ಜೊತೆಗೆ ಈ ಪುಟ್ಟ ನಕ್ಷತ್ರಗಳು ಆಗಾಗ ಸಿಡುಕುತ್ತವೆ, ಬೆಂಕಿ ಉಗುಳುತ್ತವೆ. ಅದೇ ಒಂದು ಬೇರೆ ಕಾದಂಬರಿಯ ವಸ್ತು. ನಿಮ್ಮದಕ್ಕೆ ಬೇಡ.

ಇವೆರಡರ ನಡುವೆ ಕಿತ್ತಳೆ ಬಣ್ಣದ ನಕ್ಷತ್ರಗಳ ಒಂದು ಜಾತಿ ಇದೆ. ಖಗೋಳದವರು ಇವನ್ನು ಕೆ ವರ್ಗ ಅನ್ನುತ್ತಾರೆ. ಸಂಪಿಗೆಯನ್ನು ಅಲ್ಲಿ ಕೂರಿಸಿ ಅನ್ನುವುದು ನನ್ನ ಸಲಹೆ. ಕೆ5 ಅಂತ ಇಟ್ಟುಕೊಳ್ಳೋಣ. ತೂಕ ಸೂರ್ಯನ 0.7 ಭಾಗ, ಅಗಲವೂ ಹೆಚ್ಚುಕಡಿಮೆ ಅಷ್ಟೇ, ಮೈ ಬಿಸಿ ಸುಮಾರು 4,400 ಕೆಲ್ವಿನ್, ಬೆಳಕು ಸೂರ್ಯನ ಆರನೇ ಒಂದು ಪಾಲು. ಇಂಥ ನಕ್ಷತ್ರದ ಆಯಸ್ಸು 2,000 ಕೋಟಿ ವರ್ಷಕ್ಕೂ ಜಾಸ್ತಿ. ವಿಶ್ವದ ವಯಸ್ಸೇ ಈಗ ಸುಮಾರು 1,380 ಕೋಟಿ ವರ್ಷ. ಅಂದರೆ ಈ ಜಾತಿಯ ಒಂದು ನಕ್ಷತ್ರವೂ ಇನ್ನೂ ಮುಪ್ಪಿನಿಂದ ಸತ್ತಿಲ್ಲ. ನಿಮ್ಮ ಜನರಿಗೆ ಬೇಕಾದಷ್ಟು ಕಾಲ ಸಿಕ್ಕಿತು. ಮಾದರಿ ನೋಡಬೇಕು ಅಂದರೆ ರಾಜಹಂಸ ಪುಂಜದಲ್ಲಿ 61 ಸಿಗ್ನಿ ಅಂತ ಒಂದು ಜೋಡಿ ಇದೆ, 11.4 ಜ್ಯೋತಿರ್ವರ್ಷ ದೂರ. ಅದರಲ್ಲಿ ದೊಡ್ಡದು ಇದೇ ಕೆ5. 1838ರಲ್ಲಿ ಬೆಸೆಲ್ ಎಂಬ ಜರ್ಮನ್ ಖಗೋಳಜ್ಞ ಮೊದಲ ಬಾರಿಗೆ ಒಂದು ನಕ್ಷತ್ರದ ದೂರ ನಂಬುವ ಹಾಗೆ ಅಳೆದದ್ದು ಈ ಜೋಡಿಯದೇ.

ತೂಕ ಗೊತ್ತಾಯಿತು ಅಲ್ವಾ, ಈಗ ಗ್ರಹ ಇಡೋಣ. ಭೂಮಿಗೆ ಸಿಗುವಷ್ಟೇ ಬಿಸಿಲು ಅದಕ್ಕೂ ಸಿಗಬೇಕಾದರೆ ಅದು ಸೂರ್ಯ-ಭೂಮಿ ದೂರದ 0.41 ಭಾಗದಲ್ಲಿ ಸುತ್ತಬೇಕು. ಕಕ್ಷೆಯ ದೂರದಿಂದ ವರ್ಷದ ಉದ್ದ ಹೇಳುವ ಕೆಪ್ಲರ್‌ನ ಮೂರನೇ ನಿಯಮಕ್ಕೆ ಈ ಸಂಖ್ಯೆಗಳನ್ನು ಹಾಕಿದರೆ ವರ್ಷ ಸುಮಾರು 115 ದಿನ ಬರುತ್ತದೆ. ಇಲ್ಲಿ ಸ್ವಲ್ಪ ನಿಲ್ಲಿ. ನಮ್ಮ ಹದಿನಾರರ ಹುಡುಗಿಗೆ ಅಲ್ಲಿನ ಲೆಕ್ಕದಲ್ಲಿ ಐವತ್ತು ದಾಟಿರುತ್ತದೆ. ನಾಲ್ಕು ಋತು ಮಾಡಿದರೆ ಒಂದೊಂದಕ್ಕೆ 29 ದಿನವೂ ಸರಿಯಾಗಿ ಇಲ್ಲ. ನಿಮ್ಮ ಮುಂಬೈ ಮಳೆ ಜೂನ್‌ನಲ್ಲಿ ಹಿಡಿದರೆ ಸೆಪ್ಟೆಂಬರ್‌ವರೆಗೆ ಬಿಡುವುದಿಲ್ಲ. ಅಷ್ಟು ಹೊತ್ತಿಗೆ ಅಲ್ಲಿ ಒಂದು ವರ್ಷವೇ ಮುಗಿದು ಮುಂದಿನದು ಶುರುವಾಗಿರುತ್ತದೆ. ನಮ್ಮ ಬಿಳಿಜೋಳ ಬಿತ್ತಿ ಕೊಯ್ಯುವಷ್ಟರಲ್ಲಿ ಅಲ್ಲಿ ಎಲ್ಲ ಋತುಗಳೂ ಒಂದು ಸುತ್ತು ಹೊಡೆದಿರುತ್ತವೆ. ಹಾಗಾದರೆ ಅವರು ಏನು ಬೆಳೆಯುತ್ತಾರೆ? ತಿಂಗಳಲ್ಲಿ ಬರುವ ಸೊಪ್ಪು, ಕಾಳು? ಅಥವಾ ವರ್ಷಗಟ್ಟಲೆ ನಿಲ್ಲುವ ಮರದ ಫಸಲು? ಹಬ್ಬಗಳು ಎಷ್ಟು ದಟ್ಟವಾಗಿ ಬರುತ್ತವೆ? ಸಾಲದ ಬಡ್ಡಿಯನ್ನು ವರ್ಷಕ್ಕೆ ಲೆಕ್ಕ ಹಾಕುತ್ತಾರಾ? ಇವೆಲ್ಲ ನಿಮ್ಮ ಕೆಲಸ. ಆದರೆ ಈ ಪ್ರಶ್ನೆಗಳು ನಿಮ್ಮ ಮುಂದೆ ಬಂದು ನಿಂತದ್ದು 0.7 ಅನ್ನುವ ಒಂದು ಸಂಖ್ಯೆಯಿಂದ.

ಬಿಸಿಲಿನ ಬಣ್ಣದ ಬಗ್ಗೆ ಒಂದು ಎಚ್ಚರಿಕೆ. ‘ಕಿತ್ತಳೆ ನಕ್ಷತ್ರ’ ಅಂದ ಕೂಡಲೇ ಅಲ್ಲಿ ಎಲ್ಲವೂ ಸಂಜೆಗೆಂಪಿನಲ್ಲಿ ಮುಳುಗಿದೆ ಅಂತ ಬರೆಯುವವರು ಬಹಳ. ಅದು ಸರಿಯಲ್ಲ. ಹಳೇ ಕಾಲದ ತಂತಿ ಬಲ್ಬಿನ ತಂತಿ 2,700 ಕೆಲ್ವಿನ್ ಆಸುಪಾಸು ಇರುತ್ತದೆ. ಸಂಪಿಗೆಯ ಮೈ 4,400. ಅಂದರೆ ಅದರ ಬಿಸಿಲು ಆ ಬಲ್ಬಿನ ಬೆಳಕಿಗಿಂತ ಬಿಳಿಯೇ. ಬಿಳಿ ಅಂಗಿ ಬಿಳಿಯಾಗಿಯೇ ಕಾಣುತ್ತದೆ, ಹೊರಗಿನಿಂದ ಹೋದವರಿಗೆ ಮೊದಲ ದಿನ ತುಸು ಹಳದಿ ಅನ್ನಿಸಬಹುದು, ಆಮೇಲೆ ಕಣ್ಣು ಒಗ್ಗಿಕೊಳ್ಳುತ್ತದೆ. ದೂರದಿಂದ, ಕತ್ತಲ ಆಕಾಶದಲ್ಲಿ ದೂರದರ್ಶಕ ಹಿಡಿದು ನೋಡಿದಾಗ ಮಾತ್ರ ಅದು ಕೆಂಡಸಂಪಿಗೆಯ ಬಣ್ಣ. ಆದರೆ ಅಲ್ಲಿ ನಿಂತವರಿಗೆ ಒಂದು ವ್ಯತ್ಯಾಸ ಎದ್ದು ಕಾಣುತ್ತದೆ. ನಕ್ಷತ್ರ ಚಿಕ್ಕದಾದರೂ ಗ್ರಹ ಹತ್ತಿರ ಇರುವುದರಿಂದ, ಅವರ ಸೂರ್ಯಬಿಂಬ ನಮ್ಮದರ 1.7 ಪಟ್ಟು ಅಗಲ ಇರುತ್ತದೆ. ಮುಳುಗುವ ಹೊತ್ತಿನಲ್ಲಿ ದಿಗಂತದ ಮೇಲೆ ಅಷ್ಟು ದೊಡ್ಡ ಬಿಂಬ. ಇದನ್ನು ಬಿಡಬೇಡಿ, ಬರೆಯಿರಿ.

ಇನ್ನು ದೂರ. ನನಗೆ ಅತಿ ಇಷ್ಟವಾದ ಭಾಗ ಇದು.

ಒಂದು ಜ್ಯೋತಿರ್ವರ್ಷ ಅಂದರೆ ಬೆಳಕು ಒಂದು ವರ್ಷದಲ್ಲಿ ಹೋಗುವ ದೂರ, 9.46 ಲಕ್ಷ ಕೋಟಿ ಕಿಲೋಮೀಟರ್. ಬೆಳಕು, ರೇಡಿಯೊ ಎರಡೂ ಒಂದೇ ವೇಗದಲ್ಲಿ ಹೋಗುತ್ತವೆ, ಅದಕ್ಕಿಂತ ಜೋರಾಗಿ ಏನೂ ಹೋಗುವುದಿಲ್ಲ. 400 ಜ್ಯೋತಿರ್ವರ್ಷದ ಸಂಪಿಗೆಯಿಂದ ಈಗ ನಮ್ಮ ಕಡೆ ನೋಡಿದರೆ ಅವರಿಗೆ ಕಾಣುವುದು 400 ವರ್ಷ ಹಿಂದಿನ ಭೂಮಿ. ಶಿವನೇರಿ ಕೋಟೆಯಲ್ಲಿ ಶಿವಾಜಿ ಇನ್ನೂ ಹುಟ್ಟಿಲ್ಲ. ವಿಜಯಪುರದಲ್ಲಿ ಗೋಳಗುಮ್ಮಟ ಎದ್ದಿಲ್ಲ. ನಿಮ್ಮ ಮುಂಬೈ ಪೋರ್ಚುಗೀಸರ ಕೈಯಲ್ಲಿದ್ದ ಬಿಡಿಬಿಡಿ ದ್ವೀಪಗಳು. ಇದು ಸುಂದರವಾದ ಕಲ್ಪನೆ, ಒಪ್ಪುತ್ತೇನೆ. ಆದರೆ ಅಜ್ಜ 1976ರಲ್ಲಿ ಕಳಿಸಿದ ಸಂದೇಶ ಅಲ್ಲಿಗೆ ತಲುಪುವುದು 2376ಕ್ಕೆ. ಉತ್ತರ ಬರುವುದು 2776ಕ್ಕೆ. ಮೊಮ್ಮಗಳ ಕೈಗೆ ಸಿಗುವುದಿಲ್ಲ.

ನಿಮ್ಮ ಕಥೆಯ ಜೀವ ಅಜ್ಜ-ಮೊಮ್ಮಗಳ ನಡುವೆ ಇದೆ. ಅದನ್ನು ಉಳಿಸಬೇಕಾದರೆ ನಕ್ಷತ್ರವನ್ನೇ ಹತ್ತಿರ ತರಬೇಕು. ಹೋಗಿಬರುವ ದಾರಿ ಎರಡೂ ಸೇರಿ ಐವತ್ತು ವರ್ಷದ ಒಳಗೆ ಮುಗಿಯಬೇಕು, ಅಂದರೆ 25 ಜ್ಯೋತಿರ್ವರ್ಷಕ್ಕಿಂತ ಹತ್ತಿರ. ನಾನು ಇನ್ನೂ ಹತ್ತಿರಕ್ಕೆ ಎಳೆಯುತ್ತೇನೆ. ಒಂಬತ್ತು. ಯಾಕೆ ಒಂಬತ್ತು ಅಂದರೆ, ನಿಮ್ಮ ನೀಲಿಯನ್ನು ನಿಮಗೆ ಹಿಂದಿರುಗಿಸುವ ಒಂದು ದಾರಿ ಅಲ್ಲಿದೆ.

ಲುಬ್ಧಕ ಗೊತ್ತಲ್ಲ, ಚಳಿಗಾಲದ ಸಂಜೆ ಮಹಾವ್ಯಾಧ (ಒರಾಯನ್) ನಕ್ಷತ್ರಪುಂಜದ ಹಿಂದೆ ಹಿಂದೆ ಬರುವ ನಕ್ಷತ್ರ, ಸಿರಿಯಸ್. ರಾತ್ರಿಯ ನಕ್ಷತ್ರಗಳಲ್ಲೆಲ್ಲ ಅತಿ ಪ್ರಕಾಶದ್ದು, ನೀಲಿ ಛಾಯೆಯ ಬಿಳಿ. ನಮ್ಮಿಂದ 8.6 ಜ್ಯೋತಿರ್ವರ್ಷ. ಸಂಪಿಗೆಯನ್ನು ಲುಬ್ಧಕನಿಂದ ಒಂದೇ ಒಂದು ಜ್ಯೋತಿರ್ವರ್ಷ ದೂರದಲ್ಲಿ, ನೇರ ಹಿಂದಕ್ಕಲ್ಲ, ಓರೆಯಾಗಿ ಪಕ್ಕಕ್ಕೆ ಇಡಿ, ನಮ್ಮಿಂದ ಒಂಬತ್ತು ಆಗುವ ಹಾಗೆ. ಆಗ ನಮ್ಮ ಆಕಾಶದಲ್ಲಿ ಅದು ಲುಬ್ಧಕನಿಂದ ಸುಮಾರು ಆರು ಡಿಗ್ರಿ ದೂರದಲ್ಲಿ ಕಾಣುತ್ತದೆ. ಕೈ ನೀಳವಾಗಿ ಚಾಚಿ ಮೂರು ಬೆರಳು ಜೋಡಿಸಿ ಹಿಡಿದರೆ ಐದು ಡಿಗ್ರಿ, ಅದಕ್ಕಿಂತ ಒಂಚೂರು ಜಾಸ್ತಿ. ಉತ್ತರಕ್ಕೆ ಇಡಿ, ಅಲ್ಲಿ ಕಣ್ಣು ಸೆಳೆಯುವಂಥ ನಕ್ಷತ್ರ ಯಾವುದೂ ಇಲ್ಲ, ನಿಮ್ಮದಕ್ಕೆ ಜಾಗ ಖಾಲಿ ಇದೆ.

ಅದರ ಹೊಳಪು ಎಷ್ಟು? ಖಗೋಳದಲ್ಲಿ ಹೊಳಪನ್ನು ಕಾಂತಿಮಾನ ಅಂತ ಅಳೆಯುತ್ತಾರೆ. ಸಂಖ್ಯೆ ಚಿಕ್ಕದಾದಷ್ಟೂ ಹೊಳಪು ಜಾಸ್ತಿ, ಸೊನ್ನೆಗಿಂತ ಕೆಳಗೂ ಹೋಗುತ್ತದೆ. ಒಳ್ಳೆಯ ಕತ್ತಲಲ್ಲಿ ಬರಿಗಣ್ಣಿಗೆ 6ರವರೆಗೆ ಕಾಣುತ್ತದೆ. ಒಂಬತ್ತು ಜ್ಯೋತಿರ್ವರ್ಷದ ಕೆ5 ನಕ್ಷತ್ರ ಸುಮಾರು 4.5. ಅಂದರೆ ಡೊಂಬಿವಲಿಯ ಟೆರೇಸಿನಿಂದ ಕಾಣುವುದಿಲ್ಲ, ಸುತ್ತಲಿನ ದೀಪಗಳು ಅದನ್ನು ನುಂಗಿಬಿಡುತ್ತವೆ. ಕರ್ಜತ್ ದಾರಿಯಲ್ಲಿ, ದೀಪಗಳು ಕಡಿಮೆ ಇರುವ ವಾಂಗಣಿಗೆ ಹೋದರೆ ಕಾಣುತ್ತದೆ. ನಿಮ್ಮ ನಾಯಕಿ ಹುಟ್ಟಿದಾಗಿನಿಂದ ತಲೆಯ ಮೇಲೇ ಇದ್ದ ನಕ್ಷತ್ರವನ್ನು ಮೊದಲ ಸಲ ನೋಡಲು ಕರ್ಜತ್ ಲೋಕಲ್ ಹತ್ತಬೇಕು. ಈ ದೃಶ್ಯವನ್ನು ನಿಮ್ಮ 400 ಜ್ಯೋತಿರ್ವರ್ಷ ಕೊಡುತ್ತಿರಲಿಲ್ಲ. ಅಷ್ಟು ದೂರದಲ್ಲಿ ಇದೇ ನಕ್ಷತ್ರ 12.7ಕ್ಕೆ ಇಳಿಯುತ್ತದೆ, ಒಳ್ಳೆಯ ದೂರದರ್ಶಕ ಇಲ್ಲದೆ ಆಗುವುದಿಲ್ಲ.

ಈಗ ಆ ಕಡೆಯ ಆಕಾಶ. ಸಂಪಿಗೆಯ ಗ್ರಹದ ಮೇಲೆ ನಿಂತು ನೋಡಿದರೆ ಲುಬ್ಧಕನ ಕಾಂತಿಮಾನ ಮೈನಸ್ 6. ನಮಗೆ ಶುಕ್ರ ಗ್ರಹ ಅತಿ ಹೊಳೆಯುವಾಗ ಮೈನಸ್ 4.6 ಆಸುಪಾಸು. ಅಂದರೆ ಅದರ ನಾಲ್ಕು ಪಟ್ಟು. ಶುಕ್ರನಿಗೆ ಇರುವಂಥ ಬಿಂಬ ಇದಕ್ಕೆ ಇಲ್ಲ, ಬರೀ ಚುಕ್ಕೆ, ನೀಲಿ ಬಿಳುಪು. ಕತ್ತಲ ರಾತ್ರಿಯಲ್ಲಿ ಅದರ ಬೆಳಕಿಗೆ ಮನುಷ್ಯರ ನೆರಳು ಬೀಳುತ್ತದೆ. ಚುಕ್ಕೆಯಿಂದ ಬಂದ ಬೆಳಕಾದ್ದರಿಂದ ನೆರಳಿನ ಅಂಚು ಕತ್ತರಿಸಿದ ಹಾಗೆ ಚೂಪು. ಎಲೆಯ ಹಲ್ಲುಗಳು, ಬೆರಳಿನ ಸಂದು, ಬಿಡಿ ಕೂದಲು ಎಲ್ಲ ನೆಲದ ಮೇಲೆ ಗೆರೆ ಎಳೆದ ಹಾಗೆ ಮೂಡುತ್ತವೆ. ಎಲ್ಲಿ ಅಂತ ಗೊತ್ತಿದ್ದವರಿಗೆ ಹಗಲಲ್ಲೂ ಅದು ಕಾಣುತ್ತದೆ. ಗ್ರಹದ ಕಕ್ಷೆಯ ಮಟ್ಟದ ಹತ್ತಿರವೇ ಲುಬ್ಧಕ ಇದೆ ಅಂತ ಇಟ್ಟುಕೊಂಡರೆ, ಸುಮಾರು ಎರಡು ತಿಂಗಳು ಅದು ರಾತ್ರಿಯ ದೀಪ, ಮುಂದಿನ ಎರಡು ತಿಂಗಳು ಹಗಲಿನ ಚುಕ್ಕೆ. ಅವರ ಪಂಚಾಂಗ ಯಾವುದರ ಮೇಲೆ ನಿಲ್ಲುತ್ತದೆ ಅಂತ ಬೇರೆ ಹೇಳಬೇಕಿಲ್ಲ.

ಇನ್ನೊಂದು ವಿಷಯ ಇದೆ. ನಕ್ಷತ್ರಗಳು ನಿಂತಲ್ಲಿ ನಿಲ್ಲುವುದಿಲ್ಲ. ಅಕ್ಕಪಕ್ಕದವು ಒಂದಕ್ಕೊಂದು ಸೆಕೆಂಡಿಗೆ 20 ಕಿಲೋಮೀಟರ್‌ನಂಥ ವೇಗದಲ್ಲಿ ಸರಿಯುವುದು ಮಾಮೂಲು. ಆ ವೇಗದಲ್ಲಿ ಒಂದು ಜ್ಯೋತಿರ್ವರ್ಷ ದಾಟಲು ಸುಮಾರು 15,000 ವರ್ಷ ಬೇಕು. ಸಂಪಿಗೆ ಹಳೆಯ ನಕ್ಷತ್ರ, ಲುಬ್ಧಕನಿಗೆ 25 ಕೋಟಿ ವರ್ಷವೂ ಆಗಿಲ್ಲ. ಇಬ್ಬರೂ ಒಟ್ಟಿಗೆ ಹುಟ್ಟಿದವರಲ್ಲ, ದಾರಿಯಲ್ಲಿ ಎದುರಾದವರು. ಹತ್ತು ಸಾವಿರ ವರ್ಷದ ಹಿಂದೆ, ನಿಮ್ಮ ಆ ನಾಗರಿಕತೆ ಶುರುವಾದಾಗ, ಲುಬ್ಧಕ ಇನ್ನೂ ದೂರ ಇತ್ತು. ನೇರವಾಗಿ ಹತ್ತಿರ ಬರುತ್ತಿದೆ ಅಂತ ಲೆಕ್ಕ ಹಾಕಿದರೆ ಆಗಿನ ಹೊಳಪು ಈಗಿನ ಮೂರನೇ ಒಂದು ಪಾಲಿನಷ್ಟು. ಅಂದರೆ ಅವರ ಅತಿ ಹಳೆಯ ಹಾಡುಗಳಲ್ಲಿ ಇದೇ ನಕ್ಷತ್ರ ಮಂಕಾಗಿ ಬರುತ್ತದೆ. ಆಮೇಲಿನ ಶಾಸನಗಳಲ್ಲಿ ಪ್ರಕಾಶ ಏರುತ್ತದೆ. ತಲೆಮಾರಿನಿಂದ ತಲೆಮಾರಿಗೆ ಹತ್ತಿರ ಬರುತ್ತಿರುವ ಒಂದು ಬೆಳಕು, ಒಂದು ಆಯಸ್ಸಿನಲ್ಲಿ ಯಾರಿಗೂ ವ್ಯತ್ಯಾಸ ತಿಳಿಯದಷ್ಟು ನಿಧಾನ. ಅದನ್ನು ಬರೆದಿಟ್ಟುಕೊಂಡವರು ಮಾತ್ರ ಬಲ್ಲರು. ನಿಮ್ಮ ‘ಹತ್ತು ಸಾವಿರ ವರ್ಷ’ ಇಲ್ಲಿಯವರೆಗೆ ಸುಮ್ನೆ ಒಂದು ದೊಡ್ಡ ಸಂಖ್ಯೆಯಾಗಿತ್ತು, ಈಗ ಅದಕ್ಕೆ ಕೆಲಸ ಸಿಕ್ಕಿತು.

ಲುಬ್ಧಕನಿಗೆ ಒಬ್ಬ ಜೊತೆಗಾರ ಇದ್ದಾನೆ, ಶ್ವೇತಕುಬ್ಜ, ಅಂದರೆ ಉರಿದು ಮುಗಿದ ನಕ್ಷತ್ರದ ಉಳಿಕೆ, ಸುಮಾರು 50 ವರ್ಷಕ್ಕೊಮ್ಮೆ ಸುತ್ತುತ್ತಾನೆ. ನಮ್ಮಲ್ಲಿ ಅದು ಕಣ್ಣಿಗೆ ಬಿದ್ದದ್ದು 1862ರಲ್ಲಿ, ಅಮೆರಿಕದ ಆಲ್ವಾನ್ ಗ್ರಹಾಂ ಕ್ಲಾರ್ಕ್ ದೊಡ್ಡ ಮಸೂರ ಪರೀಕ್ಷೆ ಮಾಡುತ್ತಿದ್ದಾಗ. ಸಂಪಿಗೆಯವರಿಗೆ ಮೊದಲ ಪುಟ್ಟ ದೂರದರ್ಶಕದಲ್ಲೇ ಅದು ಸಿಗುತ್ತದೆ. ಸತ್ತ ನಕ್ಷತ್ರ ಹೇಗಿರುತ್ತದೆ ಅನ್ನುವುದು ಅವರಿಗೆ ನಮಗಿಂತ ಬಹಳ ಮೊದಲೇ ಗೊತ್ತು.

ನಮ್ಮ ಸೂರ್ಯ ಅವರಿಗೆ ಹೇಗೆ ಕಾಣುತ್ತಾನೆ ಅನ್ನುವುದನ್ನೂ ಹೇಳಿಬಿಡುತ್ತೇನೆ. ಕಾಂತಿಮಾನ 2. ನಮ್ಮ ಧ್ರುವ ನಕ್ಷತ್ರದಷ್ಟೇ ಹೊಳಪು. ಶ್ರವಣ ನಕ್ಷತ್ರದಿಂದ ಕೈ ಚಾಚಿದ ಒಂದು ಮುಷ್ಟಿಯಷ್ಟು ದೂರದಲ್ಲಿ, ಹಳದಿ ಬಿಳುಪಿನ ಒಂದು ಸಾಧಾರಣ ಚುಕ್ಕೆ. ಮಹಾವ್ಯಾಧನ ಆಕಾರ ಅಲ್ಲೂ ಹಾಗೇ ಇರುತ್ತದೆ, ಆ ನಕ್ಷತ್ರಗಳು ನೂರಾರು ಜ್ಯೋತಿರ್ವರ್ಷ ದೂರ ಇರುವುದರಿಂದ ಒಂಬತ್ತು ಹೆಜ್ಜೆ ಸರಿದರೆ ಏನೂ ಬದಲಾಗುವುದಿಲ್ಲ. ಆದರೆ ನಾವು ಮಕ್ಕಳಿಗೆ ಹೇಳಿಕೊಡುವ ಹಾಗೆ ಅವನ ಸೊಂಟಪಟ್ಟಿಯ ಮೂರು ನಕ್ಷತ್ರಗಳಿಂದ ಗೆರೆ ಎಳೆದರೆ ಲುಬ್ಧಕ ಸಿಗುವುದಿಲ್ಲ, ಅದು ಬೇರೆಯೇ ದಿಕ್ಕಿನಲ್ಲಿ ಇರುತ್ತದೆ. ಎರಡೂ ಲೋಕದ ಮಕ್ಕಳು ಒಂದೇ ಮಹಾವ್ಯಾಧನನ್ನು ನೋಡುತ್ತಾರೆ. ನಿಮ್ಮ ಸಂದೇಶಕ್ಕೆ ಒಂದು ಚಿತ್ರ ಬೇಕಾದರೆ ಇದನ್ನೇ ಬಳಸಿಕೊಳ್ಳಿ.

ಇಷ್ಟು ಹತ್ತಿರ ಇಟ್ಟದ್ದಕ್ಕೆ ಒಂದು ಬೆಲೆ ತೆರಬೇಕು. ಒಂಬತ್ತು ಜ್ಯೋತಿರ್ವರ್ಷದ ನಕ್ಷತ್ರ ಯಾರಿಗೂ ಗೊತ್ತಿಲ್ಲದ್ದಾಗಿ ಇರಲು ಸಾಧ್ಯವಿಲ್ಲ. ನಮ್ಮ ಲೋಕದಲ್ಲಿ ಅದು ಇಲ್ಲ, ನಿಮ್ಮ ಲೋಕದಲ್ಲಿ ಇದೆ, ಅಂದ ಮೇಲೆ ನಿಮ್ಮ ಲೋಕದ ಶಾಲೆ ಪುಸ್ತಕದಲ್ಲಿ ಅದು ಇರಲೇಬೇಕು. ನಾಯಕಿ ಅದನ್ನು ‘ಕಂಡುಹಿಡಿಯುವ’ ಹಾಗಿಲ್ಲ. ಪರವಾಗಿಲ್ಲ, ಎಲ್ಲರಿಗೂ ಗೊತ್ತಿದ್ದ ನಕ್ಷತ್ರದಿಂದ ಯಾರೂ ಕಾಯದ ಉತ್ತರ ಬರುವುದು ಇನ್ನೂ ಒಳ್ಳೆಯದು. ಹೆಸರಿನ ವಿಷಯಕ್ಕೂ ಇಲ್ಲಿ ದಾರಿ ಇದೆ. 2019ರಲ್ಲಿ ಅಂತರರಾಷ್ಟ್ರೀಯ ಖಗೋಳ ಒಕ್ಕೂಟ ಒಂದೊಂದು ದೇಶಕ್ಕೆ ಒಂದೊಂದು ನಕ್ಷತ್ರ ಮತ್ತು ಅದರ ಗ್ರಹಕ್ಕೆ ಹೆಸರಿಡುವ ಅವಕಾಶ ಕೊಟ್ಟಿತ್ತು. ಭಾರತದ ಪಾಲಿಗೆ ಬಂದ ನಕ್ಷತ್ರದ ಹೆಸರು ಈಗ ‘ಬಿಭಾ’, ಗ್ರಹ ‘ಸಂತಮಸ’. ಮುಂಬೈನ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಯಲ್ಲೂ (ಟಿಐಎಫ್‌ಆರ್) ಕೆಲಸ ಮಾಡಿದ ಭೌತವಿಜ್ಞಾನಿ ಬಿಭಾ ಚೌಧುರಿಯವರ ನೆನಪಿಗೆ ಇಟ್ಟದ್ದು. ನಿಮ್ಮ ಲೋಕದಲ್ಲೂ ಹೀಗೇ ಒಂದು ಕನ್ನಡ ಹೆಸರು ಅಧಿಕೃತವಾಯಿತು ಅಂದರೆ ಯಾರೂ ಅನುಮಾನ ಪಡುವುದಿಲ್ಲ. ಪಟ್ಟಿಯಲ್ಲಿ ಒಂದು ಸಂಖ್ಯೆಯೂ ಇರಲಿ, ವಿಜ್ಞಾನಿಗಳ ಬಾಯಲ್ಲಿ ಅದೇ ಬರುತ್ತದೆ.

ಇನ್ನು ಅಜ್ಜನ ರೇಡಿಯೊ ಸೆಟ್. ಮನೆಯ ಸೆಟ್‌ನ ಶಕ್ತಿ ಒಂಬತ್ತು ಜ್ಯೋತಿರ್ವರ್ಷಕ್ಕೆ ಸಾಲದು. ಅದರಲ್ಲೂ ಮೀಡಿಯಂ ವೇವ್ ಅಲೆಗಳನ್ನು ನಮ್ಮ ವಾತಾವರಣದ ಮೇಲಿನ ಅಯಾನುಗಳ ಪದರವೇ ಹೆಚ್ಚಾಗಿ ತಡೆದು ಕೆಳಗೆ ಕಳಿಸುತ್ತದೆ. ಅಜ್ಜನಿಗೆ ದೊಡ್ಡ ಡಿಶ್ ಬೇಕು. 1976ರಲ್ಲಿ ಅಂಥದ್ದು ಎಲ್ಲಿತ್ತು? ಪುಣೆ ಜಿಲ್ಲೆಯಲ್ಲೇ ಇತ್ತು. ನಾರಾಯಣಗಾಂವ್ ಹತ್ತಿರದ ಆರ್ವಿಯಲ್ಲಿ 1970ರ ದಶಕದ ಆರಂಭದಲ್ಲೇ ವಿಕ್ರಮ್ ಭೂಕೇಂದ್ರ ಶುರುವಾಗಿತ್ತು. ವಿದೇಶದ ಫೋನ್ ಕರೆಗಳನ್ನು ಉಪಗ್ರಹಕ್ಕೆ ಕಳಿಸುವ ಕೇಂದ್ರ ಅದು. ಅಜ್ಜನನ್ನು ಅಲ್ಲಿನ ತಂತ್ರಜ್ಞ ಮಾಡಿ. ಆ ಡಿಶ್ ಸದಾ ಉಪಗ್ರಹದ ಕಡೆಗೇ ಮುಖ ಮಾಡಿರಬೇಕಾದದ್ದು. ಒಂದು ರಾತ್ರಿ ಅದು ಲುಬ್ಧಕನ ಕಡೆ ಯಾಕೆ ತಿರುಗಿತು, ಯಾರು ಬಿಟ್ಟರು ಅನ್ನುವುದಕ್ಕೆ ಕಥೆಯಲ್ಲೇ ಗಟ್ಟಿ ಕಾರಣ ಕೊಡಿ.

ಉತ್ತರ ಹಿಡಿಯುವ ಜಾಗ ಅಲ್ಲಿಂದ ದೂರವೇನಿಲ್ಲ. ಅದೇ ನಾರಾಯಣಗಾಂವ್ ಪಕ್ಕ ಖೋಡದ್‌ನಲ್ಲಿ ಜಿಎಂಆರ್‌ಟಿ ಅನ್ನುವ ದೊಡ್ಡ ರೇಡಿಯೊ ದೂರದರ್ಶಕ ಇದೆ, ಗೋವಿಂದ ಸ್ವರೂಪ್ ಮುಂದಾಳತ್ವದಲ್ಲಿ ಕಟ್ಟಿದ್ದು. ಒಂದೊಂದು 45 ಮೀಟರ್ ಅಗಲದ 30 ಡಿಶ್‌ಗಳು, ಹದಿನಾಲ್ಕು ನಡುವೆ ಗುಂಪಾಗಿ, ಉಳಿದವು ಮೂರು ತೋಳುಗಳಲ್ಲಿ, ಒಟ್ಟು 25 ಕಿಲೋಮೀಟರ್ ಹರಡಿಕೊಂಡಿವೆ. ಹತ್ತಿರ ಹೋದರೆ ಡಿಶ್ ಒಳಗೆ ತಗಡು ಇಲ್ಲ, ತೆಳು ತಂತಿಯ ಬಲೆ ಇದೆ, ಅದರ ಮೂಲಕ ಆಕಾಶ ಕಾಣುತ್ತದೆ. ಗಾಳಿಯ ಹೊಡೆತ ಕಡಿಮೆ ಆಗಲಿ, ತೂಕ ಹಗುರ ಆಗಲಿ ಅಂತ ಮಾಡಿದ ಉಪಾಯ ಅದು. ಉತ್ತರವನ್ನು 1,420 ಮೆಗಾಹರ್ಟ್ಸ್ ಆಸುಪಾಸಿನಲ್ಲಿ ಬರುವಂತೆ ಮಾಡಿ. ಹೈಡ್ರೊಜನ್ ತಾನಾಗಿ ಹೊರಡಿಸುವ ಅಲೆ ಅದು, ರೇಡಿಯೊ ಖಗೋಳ ಬಲ್ಲ ಯಾರಿಗಾದರೂ ಮೊದಲು ಹೊಳೆಯುವ ಜಾಗ, ಜಿಎಂಆರ್‌ಟಿ ಕೇಳಬಲ್ಲ ವ್ಯಾಪ್ತಿಯೊಳಗೂ ಇದೆ.

ಸಂಕೇತ ಮೊಬೈಲ್ ಟವರ್‌ನದಲ್ಲ ಅಂತ ಮೊಮ್ಮಗಳಿಗೆ ಹೇಗೆ ತಿಳಿಯಬೇಕು? ನಕ್ಷತ್ರಗಳು ದಿನಕ್ಕೆ ನಾಲ್ಕು ನಿಮಿಷ ಮುಂಚೆ ಹುಟ್ಟುತ್ತವೆ. ಮನುಷ್ಯರ ಯಂತ್ರಗಳು ಗಡಿಯಾರದ ಪ್ರಕಾರ ನಡೆಯುತ್ತವೆ. ಇವತ್ತು ರಾತ್ರಿ 9ಕ್ಕೆ ಶುರುವಾದದ್ದು ನಾಳೆ 8.56ಕ್ಕೆ, ನಾಡಿದ್ದು 8.52ಕ್ಕೆ ಶುರುವಾದರೆ ಅದು ಆಕಾಶದ ಗಡಿಯಾರ. 1967ರಲ್ಲಿ ಜೋಸೆಲಿನ್ ಬೆಲ್ ಮೊದಲ ಪಲ್ಸಾರ್, ಅಂದರೆ ರೇಡಿಯೊದಲ್ಲಿ ಮಿಡಿಯುವ ನಕ್ಷತ್ರ, ಗುರುತಿಸಿದಾಗಲೂ ಹೀಗೆ ನಕ್ಷತ್ರಗಳ ಜೊತೆಗೇ ಸರಿಯುವ ಗುರುತು ಮುಖ್ಯ ಸುಳಿವಾಗಿತ್ತು. ಡಿಶ್‌ಗಳನ್ನು ಸಂಪಿಗೆಯಿಂದ ಸ್ವಲ್ಪ ಆಚೆ ತಿರುಗಿಸಿದರೆ ಸಂಕೇತ ನಿಲ್ಲಬೇಕು, ಮತ್ತೆ ತಿರುಗಿಸಿದರೆ ಬರಬೇಕು. ಜೊತೆಗೆ ಅದರ ಆವರ್ತನ, ಅಂದರೆ ಆ ಮೆಗಾಹರ್ಟ್ಸ್ ಸಂಖ್ಯೆ, ನಿಧಾನವಾಗಿ ಜಾರುತ್ತಿರಬೇಕು, ಯಾಕೆಂದರೆ ಕಳಿಸುವ ಗ್ರಹವೂ ತಿರುಗುತ್ತಿದೆ, ನಮ್ಮದೂ ತಿರುಗುತ್ತಿದೆ. ಆ ಜಾರಿಕೆಯಿಂದಲೇ ಅವರ ಒಂದು ದಿನ ಎಷ್ಟು ಗಂಟೆ ಅಂತ ಅವಳು ಲೆಕ್ಕ ಹಾಕಬಹುದು. ಒಂದೂ ಪದ ಅರ್ಥ ಆಗುವ ಮೊದಲೇ ಅವರ ಹಗಲು ರಾತ್ರಿ ಅವಳಿಗೆ ಗೊತ್ತಾಗಿಬಿಡುತ್ತದೆ.

ಒಂದು ಗಂಟು ಉಳಿಯಿತು. 1976ರ ಸಂದೇಶ 1985ಕ್ಕೆ ಅಲ್ಲಿ ತಲುಪುತ್ತದೆ, ತಕ್ಷಣ ಉತ್ತರ ಕಳಿಸಿದರೆ 1994ಕ್ಕೆ ಇಲ್ಲಿಗೆ ಬರುತ್ತದೆ. ಉತ್ತರ ಈಗ ಬರುತ್ತಿದೆ ಅಂದರೆ ಅವರು ಮೂವತ್ತು ವರ್ಷಕ್ಕೂ ಜಾಸ್ತಿ ಸುಮ್ಮನಿದ್ದರು. ಅವರ ಲೆಕ್ಕದಲ್ಲಿ ನೂರಕ್ಕೂ ಹೆಚ್ಚು ವರ್ಷ. ಹೆದರಿದರಾ, ಜಗಳ ಆಡಿದರಾ, ಭಾಷೆ ಬಿಡಿಸಲು ಅಷ್ಟು ಕಾಲ ಹಿಡಿಯಿತಾ? ಅಥವಾ 1994ರಲ್ಲೇ ಉತ್ತರ ಬಂದು, ಆಗ ಕೇಳುವವರು ಇಲ್ಲದೆ, ಅವರು ಮತ್ತೆ ಮತ್ತೆ ಕಳಿಸುತ್ತಲೇ ಇದ್ದಾರಾ? ನನಗೆ ಎರಡನೆಯದು ಜಾಸ್ತಿ ಹಿಡಿಸುತ್ತದೆ. ಜಿಎಂಆರ್‌ಟಿ 1994ರಲ್ಲಿ ಇನ್ನೂ ಪೂರ್ತಿ ಕೆಲಸಕ್ಕೆ ಬಂದಿರಲಿಲ್ಲ, ಜಗತ್ತಿನ ವಿಜ್ಞಾನಿಗಳಿಗೆ ಅದು ತೆರೆದದ್ದು 2002ರಲ್ಲಿ. ಹಾಗಾಗಿ ಲೆಕ್ಕವೂ ಕೂಡುತ್ತದೆ.

ಬರೆಯುವ ಮೊದಲು ಎರಡು ಜಾಗ ನೋಡಿ ಬನ್ನಿ. ಖೋಡದ್‌ನಲ್ಲಿ ಫೆಬ್ರವರಿ 28ರ ರಾಷ್ಟ್ರೀಯ ವಿಜ್ಞಾನ ದಿನಕ್ಕೆ ಸಾರ್ವಜನಿಕರನ್ನು ಒಳಗೆ ಬಿಡುತ್ತಾರೆ. ಮೊಬೈಲ್ ಆಫ್ ಮಾಡಿ ಹೋಗಿ, ಅಲ್ಲಿ ಅದೂ ಒಂದು ಗದ್ದಲ. ಇನ್ನೊಂದು ವಾಂಗಣಿ. ಜನವರಿ ಅಥವಾ ಫೆಬ್ರವರಿಯಲ್ಲಿ ಅಮಾವಾಸ್ಯೆ ಹತ್ತಿರದ ಶನಿವಾರ ಆರಿಸಿಕೊಳ್ಳಿ, ಮನೆಯವರನ್ನು ಜೊತೆಗೆ ಕರೆದುಕೊಂಡು ಹೋಗಿ, ಟಾರ್ಚಿಗೆ ಕೆಂಪು ಕಾಗದ ಸುತ್ತಿ. ರಾತ್ರಿ ಒಂಬತ್ತು ಹತ್ತರ ಹೊತ್ತಿಗೆ ಲುಬ್ಧಕ ಚೆನ್ನಾಗಿ ಮೇಲೆ ಬಂದಿರುತ್ತದೆ. ಅಲ್ಲಿಂದ ಉತ್ತರಕ್ಕೆ ಮೂರು ಬೆರಳಿಗಿಂತ ಒಂಚೂರು ಜಾಸ್ತಿ ಅಳೆದು, ಆ ಜಾಗದ ಸುತ್ತ ಬರಿಗಣ್ಣಿಗೆ ಕಾಣುವ ಚುಕ್ಕೆಗಳನ್ನು ಒಂದು ಹಾಳೆಯಲ್ಲಿ ಗುರುತು ಹಾಕಿಕೊಳ್ಳಿ. ಸಂಪಿಗೆಯ ನೆರೆಹೊರೆ ಅದೇ. ಮೊಮ್ಮಗಳು ಅದನ್ನು ಹುಡುಕುವ ಅಧ್ಯಾಯಕ್ಕೆ ಆ ಹಾಳೆ ಬೇಕಾಗುತ್ತದೆ.